ಕಾಡಿಗೆ ಹತ್ತಿದ ಕಡಲ ಬೆಳಕು

ಒರ್ಲ್ಯಾಂಡೊ, ಫ್ಲೋರಿಡಾ

ಪ್ರೀತಿಯ ಅಣ್ಣನಿಗೆ,

ಜೇಮ್ಸ್ ಕ್ಯಾಮರೂನ್ 2009ರಲ್ಲಿ ತೆರೆಗೆ ತಂದ ‘ಅವತಾರ್’ ಚಿತ್ರದ ಪಂಡೋರಾ ಕಾಡನ್ನು ಇಲ್ಲಿನ ಡಿಸ್ನಿಯವರು ತಮ್ಮ ಅನಿಮಲ್ ಕಿಂಗ್‌ಡಮ್‌ನಲ್ಲಿ ಕಟ್ಟಿ ನಿಲ್ಲಿಸಿದ್ದಾರೆ. 2017ರ ಮೇ ತಿಂಗಳಿಂದ ಅದು ಜನರಿಗೆ ತೆರೆದಿದೆ. ಹಗಲಲ್ಲಿ ತೇಲುವ ಬೆಟ್ಟಗಳು, ಕತ್ತಲಾದ ಮೇಲೆ ನೀಲಿ, ನೇರಳೆ, ಹಸಿರು ಬಣ್ಣದಲ್ಲಿ ಬೆಳಗುವ ಗಿಡಗಳು. ನಿಜವಾದ ಸಸ್ಯಗಳ ನಡುವೆಯೇ ಕೃತಕ ಗಿಡಗಳನ್ನು ಸೇರಿಸಿರುವುದರಿಂದ ಯಾವುದು ಬೇರು ಬಿಟ್ಟದ್ದು, ಯಾವುದು ತಂತಿ ಎಳೆದದ್ದು ಎಂದು ಹೇಳುವುದು ಕಷ್ಟ. ವರ್ಣನೆ ಇಷ್ಟಕ್ಕೆ ಸಾಕು, ಚಿತ್ರವನ್ನು ನೀನೂ ನೋಡಿದ್ದೀಯಲ್ಲ. ಸಸ್ಯಶಾಸ್ತ್ರ ಪಾಠ ಹೇಳುವ ನಿನ್ನ ಮುಂದೆ ಇಡಬೇಕಾದ ವಾದ ಬೇರೆ ಇದೆ: ಪಂಡೋರಾ ಕಾಡೇ ಅಲ್ಲ, ನೀರು ಬಸಿದು ನೆಲದ ಮೇಲೆ ನಿಲ್ಲಿಸಿದ ಕಡಲು.

ಬಣ್ಣದಿಂದಲೇ ಶುರುಮಾಡೋಣ. ನೀಲಿ ಬೆಳಕು ನೀರಿನಲ್ಲಿ ಬಹುದೂರ ಸಾಗುತ್ತದೆ, ಅದಕ್ಕೇ ಕಡಲ ಜೀವಿಗಳು ಹೆಚ್ಚಾಗಿ ನೀಲಿಯಾಗಿ ಬೆಳಗುತ್ತವೆ. ನೆಲದ ಮೇಲಿನ ಮಿಂಚುಹುಳದ್ದು ಬಹುಪಾಲು ಹಳದಿ-ಹಸಿರು, ನಮ್ಮ ಘಟ್ಟದಲ್ಲಿ ಮಳೆಗಾಲಕ್ಕೆ ಕೊಳೆತ ಮರದ ಮೇಲೆ ಬೆಳಗುವ ಅಣಬೆಯದ್ದು ಹಸಿರು. ಪಂಡೋರಾದಲ್ಲಿ ಮಾತ್ರ ಎದ್ದು ಕಾಣುವುದು ನೀಲಿ. ಚಿತ್ರದಲ್ಲಿ ಹೆಜ್ಜೆಯಿಟ್ಟ ಕಡೆಯೆಲ್ಲ ಪಾಚಿ ಬೆಳಗುತ್ತದಲ್ಲ, ಅದು ಕಲಕಿದಾಗ ಮಿಂಚುವ ಸೂಕ್ಷ್ಮ ಕಡಲಜೀವಿಗಳ ವರ್ತನೆ. ಉಡುಪಿ, ಮಂಗಳೂರು ಕಡೆ ಕೆಲವೊಮ್ಮೆ ಅಲೆ ನೀಲಿಯಾಗುವುದೂ ಇಂಥವುಗಳಿಂದಲೇ. ತನ್ನನ್ನು ತಿನ್ನಬಂದವನನ್ನು ಅವನ ಶತ್ರುವಿಗೆ ತೋರಿಸಿಕೊಡುವ ಉಪಾಯ ಅದು ಎಂದು ವಿಜ್ಞಾನಿಗಳ ಊಹೆ. ಮುಟ್ಟಿದೊಡನೆ ಸುರುಳಿ ಸುತ್ತಿ ಸರ್ರನೆ ನೆಲಕ್ಕಿಳಿಯುವ ಆ ಆಳೆತ್ತರದ ಗಿಡವಂತೂ ಹವಳದ ಮೇಲೆ ಮನೆಮಾಡುವ ‘ಕ್ರಿಸ್‌ಮಸ್ ಟ್ರೀ’ ಹುಳುವಿನ ನೇರ ನಕಲು. ಗಾಳಿಯಲ್ಲಿ ಈಜುತ್ತಾ ಬರುವ ಪವಿತ್ರ ಬೀಜಗಳು ಲೋಳೆಮೀನಿನ ರೂಪದವು. ಇದು ಆಕಸ್ಮಿಕವೂ ಅಲ್ಲ. ‘ಟೈಟಾನಿಕ್’ ಚಿತ್ರಕ್ಕಾಗಿ ಆ ಹಡಗಿನ ಅವಶೇಷದವರೆಗೆ ಇಳಿದ, ಕಡಲಾಳದ ಸಾಕ್ಷ್ಯಚಿತ್ರಗಳನ್ನು ತೆಗೆದ ಮನುಷ್ಯ ಈ ಕ್ಯಾಮರೂನ್. 2012ರಲ್ಲಿ ಮರಿಯಾನಾ ಕಂದಕದ ತಳಕ್ಕೆ, ಸುಮಾರು 10,900 ಮೀಟರ್ ಆಳಕ್ಕೆ, ಒಬ್ಬನೇ ಹೋಗಿಬಂದ.

ಕಡಲಿಗೆ ಒಪ್ಪುವುದು ಕಾಡಿಗೇಕೆ ಒಪ್ಪದು? ಬೆಳಗುವುದಕ್ಕೆ ಖರ್ಚಿದೆ. ಲೂಸಿಫೆರಿನ್ ಎಂಬ ರಾಸಾಯನಿಕ ಆಮ್ಲಜನಕದೊಂದಿಗೆ ಕೂಡಿ ತಣ್ಣನೆಯ ಬೆಳಕು ಕೊಡಬೇಕಾದರೆ ಜೀವಿ ತಾನು ಗಳಿಸಿದ್ದರಲ್ಲಿ ಒಂದು ಪಾಲು ಅದಕ್ಕೆ ಸುರಿಯಬೇಕು. ಸದಾ ಕತ್ತಲಿರುವ ಆಳದಲ್ಲಿ ಆ ಖರ್ಚಿಗೆ ಪ್ರತಿಫಲವಿದೆ. ಕ್ಯಾಲಿಫೋರ್ನಿಯಾ ಕರಾವಳಿಯಾಚೆ ನಡೆದ, 2017ರಲ್ಲಿ ಪ್ರಕಟವಾದ ಅಧ್ಯಯನವೊಂದು ಮೇಲ್ಮೈಯಿಂದ ಸುಮಾರು 4,000 ಮೀಟರ್ ಆಳದವರೆಗೆ ಕಂಡ ಪ್ರಾಣಿಗಳಲ್ಲಿ ಶೇ. 76ರಷ್ಟು ಬೆಳಗುವ ಗುಂಪಿನವು ಎಂದು ಲೆಕ್ಕಹಾಕಿದೆ. ನೆಲದ ಮೇಲೆ ಹೂಬಿಡುವ ಗಿಡಗಳಲ್ಲಿ ತಾನಾಗಿ ಬೆಳಗುವುದು ಒಂದೂ ಪತ್ತೆಯಾಗಿಲ್ಲ. ಇನ್ನು ಪಂಡೋರಾದಲ್ಲಿ ವಾಸಿಸುವ ನಾವಿ ಜನರ ಮುಖದ ಮೇಲಿನ ಬೆಳಕಿನ ಚುಕ್ಕಿಗಳು. ಆಳದ ಮೀನಿನ ಹೊಟ್ಟೆಯ ಮೇಲೆ ಅಂಥ ಚುಕ್ಕಿಗಳಿರುವುದು ಅಡಗುವುದಕ್ಕೆ; ಮೇಲಿಂದ ಬರುವ ಮಂದ ಬೆಳಕಿಗೆ ಸರಿದೂಗಿಸಿ, ಕೆಳಗಿನಿಂದ ನೋಡುವವರಿಗೆ ಮೀನಿನ ನೆರಳು ಕಾಣದಂತೆ ಅವು ಮಾಡುತ್ತವೆ. ಕಾಡಿನಲ್ಲಿ ಮುಖಕ್ಕೆ ದೀಪ ಹಚ್ಚಿಕೊಂಡು ಬೇಟೆಗೆ ಹೊರಟವನಿಗೆ ಸಿಗುವುದು ಉಪವಾಸ!

ಅದು ಅನ್ಯಲೋಕ, ನಮ್ಮ ಭೂಮಿಯ ನಿಯಮ ಅಲ್ಲೇಕೆ ಎಂದು ನೀನು ಕೇಳಬಹುದು. ಜೀವರಸಾಯನ ಬೇರೆಯಿರಲಿ, ಗಳಿಕೆ-ಖರ್ಚಿನ ಲೆಕ್ಕ ಎಲ್ಲಿಯೂ ತಪ್ಪುವುದಿಲ್ಲ. ಅಷ್ಟೇ ಅಲ್ಲ, ಅನ್ಯಲೋಕ ಎಂಬ ವಾದವೇ ಇಲ್ಲಿ ತಿರುಗಿಬೀಳುತ್ತದೆ. ಕಥೆಯ ಪ್ರಕಾರ ಪಂಡೋರಾ ಇರುವುದು ನಮ್ಮಿಂದ ಸುಮಾರು 4.4 ಜ್ಯೋತಿರ್ವರ್ಷ ದೂರದ ಆಲ್ಫಾ ಸೆಂಟಾರಿಯಲ್ಲಿ. ಅಲ್ಲಿ ಸೂರ್ಯನಂಥ ನಕ್ಷತ್ರಗಳು ಎರಡು. ಒಂದು ಮುಳುಗಿದ ಮೇಲೂ ವರ್ಷದ ಅರ್ಧಭಾಗ ಇನ್ನೊಂದು ಆಕಾಶದಲ್ಲಿದ್ದು, ನಮ್ಮ ಹುಣ್ಣಿಮೆಗಿಂತ ನೂರಾರು ಪಾಲು ಹೆಚ್ಚು ಬೆಳಕು ಕೊಡುತ್ತದೆ. ಅದರ ಜೊತೆಗೆ, ಪಂಡೋರಾ ಉಪಗ್ರಹವಾಗಿ ಸುತ್ತುವ ಪಾಲಿಫೀಮಸ್ ಎಂಬ ದೈತ್ಯ ಗ್ರಹ ಬಾನಿನ ದೊಡ್ಡ ಪಾಲನ್ನು ತುಂಬಿಕೊಂಡು ಹೊಳೆಯುತ್ತಿರುತ್ತದೆ. ನಿಜವಾದ ಕತ್ತಲೇ ಅಪರೂಪವಾದ ಕಡೆ ಗಿಡಕ್ಕೊಂದು ದೀಪ ಏಕೆ? ಭೂಮಿಗಿಂತ ಪಂಡೋರಾದಲ್ಲೇ ಈ ಬೆಳಕು ಹೆಚ್ಚು ವ್ಯರ್ಥ.

ಬೆಳಕು ಬೇರೇನೋ ರಾಸಾಯನಿಕ ಕೆಲಸದ ಉಪಫಲವಾಗಿರಬಾರದೇಕೆ ಎಂಬುದು ಇದಕ್ಕಿಂತ ಗಟ್ಟಿ ಆಕ್ಷೇಪ. ಹಗಲೂ ರಾತ್ರಿ ಒಂದೇ ಸಮ ಬೆಳಗುವ ಅಣಬೆಗಳ ವಿಷಯದಲ್ಲಿ ಅದು ನಿಜವಿದ್ದೀತು. ಆದರೆ ಬ್ರೆಜಿಲ್‌ನ ಒಂದು ಅಣಬೆಯ ಬೆಳಕು ಒಳಗಡಿಯಾರಕ್ಕೆ ತಕ್ಕಂತೆ ರಾತ್ರಿ ಏರುತ್ತದೆ. ಹಸಿರು ದೀಪವಿಟ್ಟ ಕೃತಕ ಅಣಬೆಗಳಿಗೆ ಕತ್ತಲಲ್ಲಿ ಕೀಟಗಳು ಬಂದು ಮುತ್ತಿದ್ದನ್ನೂ 2015ರಲ್ಲಿ ತೋರಿಸಿದ್ದಾರೆ. ಉಪಫಲವೆಂದೇ ಒಪ್ಪಿದರೂ ಅದು ಮಂದವಾಗಿ ಒಂದೇ ಬಣ್ಣದಲ್ಲಿ ಇರಬೇಕು. ಮುಟ್ಟಿದಾಗ ಉಕ್ಕಿ, ಜಾತಿಗೊಂದು ಬಣ್ಣ ತಾಳುವುದು ಉಪಫಲದ ಲಕ್ಷಣವಲ್ಲ.

ಕಥೆಗೆ ಲೆಕ್ಕ ಕೇಳುವುದು ಅರಸಿಕತನ ಎನ್ನಬೇಡ, ಲೆಕ್ಕ ಕೇಳಲು ಕರೆದವರು ಚಿತ್ರ ಮಾಡಿದವರೇ. ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ರಿವರ್‌ಸೈಡ್‌ನ ಸಸ್ಯವಿಜ್ಞಾನಿ ಜೋಡಿ ಹೋಲ್ಟ್ ಅವರ ಸಲಹೆ ಪಡೆದು ಮಾಡಿದ ಚಿತ್ರ ಅದು. ಚಿತ್ರದಲ್ಲಿ ಬೇರುಗಳ ಮೂಲಕ ಮರಗಳು ಸಂಪರ್ಕದಲ್ಲಿರುವ ಭಾಗಕ್ಕೆ ಕಾಡಿನ ಆಧಾರವಾದರೂ ಇದೆ: ಅರಣ್ಯವಿಜ್ಞಾನಿ ಸುಝಾನ್ ಸಿಮಾರ್ಡ್ 1997ರಲ್ಲಿ ಮರದಿಂದ ಮರಕ್ಕೆ ಇಂಗಾಲ ಸಾಗುವುದನ್ನು ತೋರಿಸಿದರು, ಅದರಲ್ಲಿ ಶಿಲೀಂಧ್ರದ ಪಾತ್ರ ಎಷ್ಟು ಎಂಬ ಜಗಳ ಇನ್ನೂ ಮುಗಿದಿಲ್ಲ.

ಮನುಷ್ಯರು ಬೆಳಗುವ ಗಿಡ ಮಾಡಿದ್ದಾರೆ, ನಿಜ. 2024ರಿಂದ ಈ ದೇಶದಲ್ಲಿ ಅಂಥ ಪೆಟುನಿಯಾ ಮಾರಾಟಕ್ಕಿದೆ. ಅದರ ಬೆಳಕು ಅಣಬೆಯ ಜೀನ್‌ಗಳಿಂದ ಬಂದದ್ದು, ಬಣ್ಣ ಹಸಿರು, ಕಾಣಬೇಕಾದರೆ ಕೋಣೆಯ ದೀಪ ಆರಿಸಿ ಕಣ್ಣು ಹೊಂದಿಕೊಳ್ಳುವವರೆಗೆ ಕಾಯಬೇಕು. ಮಕ್ಕಳಿಗೆ ಚಿತ್ರವನ್ನು ಧಾರಾಳವಾಗಿ ತೋರಿಸು, ಕಣ್ಣಿಗೆ ಹಬ್ಬವೇ. ಪಾಠಕ್ಕೆ ಬಳಸುವುದಾದರೆ ಮಾತ್ರ ಕಾಡಿನ ಪಾಠಕ್ಕೆ ಬೇಡ, ಕಡಲಿನ ಪಾಠಕ್ಕೆ ಬಳಸು.

ಇಂತಿ,
ನಿನ್ನ ತಮ್ಮ