ಜೀನರ ಪತ್ರಿಕೆ

ನಮ್ಮ ಬಳಗ ತಿಂಗಳಿಗೊಮ್ಮೆ, ಎರಡನೆಯ ಶನಿವಾರ, ಮಾಟುಂಗದಲ್ಲಿ ಸೇರುವುದು ವಾಡಿಕೆ. ಹನ್ನೊಂದು ಜನ, ಕಲ್ಯಾಣ, ಡೊಂಬಿವಲಿ, ಠಾಣೆ, ಮುಲುಂಡ್, ಘಾಟ್ಕೋಪರ್ ಎಂದು ಮಧ್ಯ ರೈಲ್ವೆಯ ದಾರಿಗುಂಟ ಹರಡಿಕೊಂಡವರು. 2020ರ ಮಾರ್ಚ್ 14ರ ಸಭೆಯಲ್ಲಿ ಕೈಕುಲುಕುವ ಬದಲು ಕೈಮುಗಿದು ನಕ್ಕೆವು. ಒಬ್ಬರು ಓದಿದ ಪ್ರಬಂಧ ಉದ್ದವಾಯಿತೆಂದು ಇನ್ನೊಬ್ಬರು ಗೊಣಗಿದರು. ಚಹಾ ಕುಡಿದು, ಏಪ್ರಿಲ್‌ನಲ್ಲಿ ಸಿಗೋಣವೆಂದು ಎದ್ದೆವು. ಎಂಟು ದಿನಗಳ ಮೇಲೆ, 22ರ ರಾತ್ರಿ, ಲೋಕಲ್ ನಿಂತಿತು. 2006ರ ಜುಲೈ 11ರಂದು ಗಾಡಿಗಳಲ್ಲಿ ಬಾಂಬುಗಳು ಸಿಡಿದ ಮರುದಿನವೂ ಓಡಿದ್ದ ಲೋಕಲ್ ಅದು. ಅದು ನಿಂತಾಗ ನಮಗೆ ಊರು ನಿಂತಂತೆಯೇ ಅನಿಸಿತು. ಕೆಲವೇ ಕಿಲೋಮೀಟರಿನಾಚೆಯ ಘಾಟ್ಕೋಪರ್ ಠಾಣೆಯವರಿಗೆ ಧಾರವಾಡಕ್ಕಿಂತ ದೂರವಾಯಿತು.

ಮೊದಲ ಮೂರು ವಾರ ನಾವೆಲ್ಲರೂ ಕವಿತೆ ಬರೆದೆವು. ಈಗ ಒಪ್ಪಿಕೊಳ್ಳಲು ಸಂಕೋಚವೇನಿಲ್ಲ. ಬಳಗದ ವಾಟ್ಸಾಪ್ ಗುಂಪಿಗೆ ಹದಿನಾಲ್ಕು ಕವಿತೆಗಳು ಬಂದವು. ಅವುಗಳಲ್ಲಿ ಒಂಬತ್ತರಲ್ಲಿ ‘ಕಾಣದ ವೈರಿ’ ಇದ್ದ. ಪ್ರಕೃತಿ ಮುನಿದಿದ್ದಳು, ಮನುಷ್ಯನ ಅಹಂಕಾರ ಮಣ್ಣಾಗಿತ್ತು, ಮಲಬಾರ್ ಹಿಲ್ಲಿನಲ್ಲಿ ನವಿಲು ಕುಣಿದಿತ್ತು. ಎಲ್ಲರೂ ಎಲ್ಲರನ್ನೂ ಹೊಗಳಿದೆವು. ನಮ್ಮಲ್ಲಿ ಹಿರಿಯರಾದ ಡೊಂಬಿವಲಿಯ ಮೇಷ್ಟ್ರು ಮಾತ್ರ ಒಂದು ಸಂಜೆ ಫೋನಿನಲ್ಲಿ, “ಇವನ್ನು ಯಾರು ಬೇಕಾದರೂ ಎಲ್ಲಿ ಬೇಕಾದರೂ ಬರೆಯಬಹುದಾಗಿತ್ತಲ್ಲ? ನಿಮ್ಮ ಮನೆಯಲ್ಲಿ ಇವತ್ತು ಏನು ಸಾರು ಅನ್ನುವುದು ಒಂದರಲ್ಲಾದರೂ ಇದೆಯೇ?” ಎಂದರು. ನಮಗೆ ಸಿಟ್ಟು ಬಂತು. ಮೇಷ್ಟ್ರಿಗೆ ವಯಸ್ಸಾಯಿತು ಎಂದು ನಮ್ಮನಮ್ಮಲ್ಲೇ ಅಂದುಕೊಂಡೆವು.

ಝೀನ್ ನಮ್ಮೊಳಗೆ ಬಂದದ್ದು ಮುಲುಂಡಿನ ಅಕ್ಕನ ಮಗಳಿಂದ. ಚಿತ್ರಕಲೆ ಓದುವ ಹುಡುಗಿ. ಏಪ್ರಿಲ್ ಕೊನೆಯ ಒಂದು ಭಾನುವಾರ ವಿಡಿಯೊ ಕರೆಯಲ್ಲಿ ಅವಳು ಒಂದು ಎ4 ಹಾಳೆಯನ್ನು ಮೂರು ಬಾರಿ ಮಡಿಚಿ ಎಂಟು ಚೌಕ ಮಾಡಿದಳು. ಬಿಡಿಸಿ, ಅಡ್ಡಲಾಗಿ ಅರ್ಧಕ್ಕೆ ಮಡಿಚಿ, ಮಡಿಕೆಯ ಕಡೆಯಿಂದ ನಡುಗೆರೆಯವರೆಗೆ ಕತ್ತರಿಸಿದಳು. ಮತ್ತೆ ಬಿಡಿಸಿ, ಉದ್ದುದ್ದ ಮಡಿಚಿ, ಎರಡೂ ತುದಿಗಳನ್ನು ಒಳಕ್ಕೆ ತಳ್ಳಿದಳು. ಅಂಗೈಯಲ್ಲಿ ಎಂಟು ಪುಟಗಳ ಪುಸ್ತಕವೊಂದು ಕುಳಿತಿತ್ತು. ಅಂಟಿಲ್ಲ, ಪಿನ್ನಿಲ್ಲ, ಸಂಪಾದಕರೂ ಇಲ್ಲ. ಬರೆದವನೇ ಮುದ್ರಕ. ಸ್ಟೇಷನರಿ ಅಂಗಡಿ ಮುಚ್ಚಿತ್ತಾಗಿ ನಾವು ಹಳೆಯ ಬ್ಯಾಂಕ್ ಸ್ಟೇಟ್‌ಮೆಂಟುಗಳ ಬೆನ್ನು, ಕಳೆದ ವರ್ಷದ ಕ್ಯಾಲೆಂಡರಿನ ಹಾಳೆ, ಮಕ್ಕಳ ನೋಟ್‌ಬುಕ್ಕಿನ ನಡುಪುಟ ಹೀಗೆ ಸಿಕ್ಕದ್ದನ್ನು ಮಡಿಚಿದೆವು. ಘಾಟ್ಕೋಪರಿನ ದಂಪತಿಗಳಿಗೆ ಝೀನ್ ಎಂಬ ಶಬ್ದ ಹಿಡಿಸಲಿಲ್ಲ. ‘ಜೀನು’ ಎಂದರೆ ಕುದುರೆಯ ತಡಿಯಲ್ಲವೇ ಎಂದರು. ಮೇಷ್ಟ್ರು ಒಂದು ಹೆಜ್ಜೆ ಮುಂದೆ ಹೋಗಿ, “ಜೀನ ಎಂದರೆ ಜಿಪುಣ. ಒಂದೇ ಹಾಳೆಯಲ್ಲಿ ಪತ್ರಿಕೆ ತೆಗೆಯುವವರಿಗೆ ಅದೇ ಸರಿ” ಎಂದರು. ಅಂದಿನಿಂದ ನಮ್ಮದು ಜೀನರ ಪತ್ರಿಕೆಯಾಯಿತು.

ಶಬ್ದದ ಮೂಲವನ್ನೂ ಆ ಹುಡುಗಿಯೇ ಹೇಳಿದಳು. ಅಮೆರಿಕೆಯಲ್ಲಿ ವಿಜ್ಞಾನ ಕಥೆಗಳ ಅಭಿಮಾನಿಗಳು 1930ರ ಸುಮಾರಿಗೆ ತಮ್ಮತಮ್ಮೊಳಗೆ ಹಂಚಿಕೊಳ್ಳಲು ಪುಟ್ಟ ಪತ್ರಿಕೆಗಳನ್ನು ತೆಗೆಯತೊಡಗಿದರಂತೆ. ಹತ್ತು ವರ್ಷದ ಮೇಲೆ ಅವಕ್ಕೆ ‘ಫ್ಯಾನ್‌ಝೀನ್’ ಎಂಬ ಹೆಸರು ಬಿತ್ತು. ಮುಂದೆ ಝೆರಾಕ್ಸ್ ಯಂತ್ರ ಬಂದಾಗ ಹಾಡುಗಾರರು, ಹೆಂಗಸರು, ಯಾರಿಗೆ ದೊಡ್ಡ ಪತ್ರಿಕೆಗಳಲ್ಲಿ ಜಾಗವಿಲ್ಲವೋ ಅವರೆಲ್ಲ ಅದನ್ನು ಎತ್ತಿಕೊಂಡರು. ಕೇಳುತ್ತಿದ್ದಂತೆ ಮೇಷ್ಟ್ರ ಮುಖದಲ್ಲಿ ಬೇರೊಂದು ನೆನಪು ಎದ್ದದ್ದು ಆ ಸಣ್ಣ ಪರದೆಯಲ್ಲೂ ಕಂಡಿತು. ಹದಿನೈದನೆಯ ವಯಸ್ಸಿಗೆ ಕೋಟೆ ಪ್ರದೇಶದ ಹೋಟೆಲೊಂದರಲ್ಲಿ ಲೋಟ ತೊಳೆಯುತ್ತ, ರಾತ್ರಿ ಕನ್ನಡ ಶಾಲೆಯಲ್ಲಿ ಓದಿದವರು ಅವರು. ಆ ಶಾಲೆಯ ಗೋಡೆಯ ಮೇಲೆ ತಿಂಗಳಿಗೊಂದು ಕೈಬರಹದ ಪತ್ರಿಕೆ ತೂಗುತ್ತಿತ್ತಂತೆ. ತಾನು ಬರೆದ ಮೊದಲ ಬರಹ ಅದರಲ್ಲೇ ಬಂದದ್ದು, ಅದರ ವಿಷಯ ಹೋಟೆಲಿನ ಮೋರಿ, ಎಂದರು. ಊರಿನ ಹಾಸ್ಟೆಲುಗಳಲ್ಲಿ, ಕಾಲೇಜುಗಳಲ್ಲಿ ಕೈಬರಹದ ಪತ್ರಿಕೆ ತೆಗೆದ ಕೈಗಳು ನಮ್ಮಲ್ಲಿ ಇನ್ನೂ ಮೂರು ಇದ್ದವು. ಹೊಸದೆಂದು ಕಲಿಯಹೊರಟದ್ದು ಮನೆಯ ಅಟ್ಟದಲ್ಲೇ ಇತ್ತು.

ಕಲಿಯಲು ಮಾತ್ರ ಕಷ್ಟವಾಯಿತು. ಹಾಳೆಯನ್ನು ಬಿಡಿಸಿಟ್ಟಾಗ ಮೇಲಿನ ಸಾಲಿನ ನಾಲ್ಕು ಪುಟಗಳು ತಲೆಕೆಳಗಾಗಿರಬೇಕು. ಇದು ತಿಳಿಯದೆ ಠಾಣೆಯವರು ತಮ್ಮ ಮೊದಲ ಸಂಚಿಕೆಯನ್ನು ನೇರಾನೇರ ಬರೆದು ಮಡಿಚಿದರು. ಅವರ ಅತ್ತೆಯ ಮಂಡಿನೋವು ಶೀರ್ಷಾಸನ ಹಾಕಿತು. ಇನ್ನೊಂದು ಕಷ್ಟ ನಮ್ಮ ಲಿಪಿಯದು. ಪುಟದ ಅಗಲ ಏಳೂವರೆ ಸೆಂಟಿಮೀಟರಿಗೂ ಕಡಿಮೆ, ಎತ್ತರ ಹತ್ತೂವರೆ. ಕನ್ನಡಕ್ಕೆ ಒತ್ತಕ್ಷರವಿದೆ, ಸಾಲಿನ ಕೆಳಗೆ ಅದಕ್ಕೆ ಜಾಗ ಬಿಡಬೇಕು, ಇಲ್ಲವಾದರೆ ಮೇಲಿನ ಸಾಲಿನ ಕೊಂಬೂ ಕೆಳಗಿನ ಸಾಲಿನ ತಲೆಕಟ್ಟೂ ಗುದ್ದಾಡುತ್ತವೆ. ಹೆಚ್ಚೆಂದರೆ ಒಂಬತ್ತು ಸಾಲು, ಸಾಲಿಗೆ ಮೂರು ನಾಲ್ಕು ಪದ. ‘ಕಾಣದ ವೈರಿ’ಗೆ ಅಲ್ಲಿ ಜಾಗವೇ ಸಾಲಲಿಲ್ಲ. ಮನೆಯ ಸಾರು ಮಾತ್ರ ಹಿಡಿಸುತ್ತಿತ್ತು.

ಮುಲುಂಡಿನ ಅಕ್ಕ ಹಾಲಿನ ಪ್ಯಾಕೆಟ್ಟುಗಳ ಬಗ್ಗೆ ಬರೆದರು. ಸಾಬೂನಿನಲ್ಲಿ ತೊಳೆದ ಪ್ಯಾಕೆಟ್ಟುಗಳನ್ನು ಬಟ್ಟೆಯ ಹಾಗೆ ಒಣಹಾಕುವುದು, ಆಗ ಜಾರಿ ಬಿದ್ದು ಒಡೆದದ್ದು, ಅರ್ಧ ಲೀಟರಿಗಾಗಿ ಗಂಡಹೆಂಡತಿ ಎರಡು ದಿನ ಮಾತು ಬಿಟ್ಟದ್ದು. ಕೊನೆಯ ಪುಟದಲ್ಲಿ, ಕೆಲಸದ ಬಾಯಿಗೆ ಏಪ್ರಿಲ್ ಸಂಬಳ ಕಳಿಸಿದ್ದೇನೆ, ಮೇ ತಿಂಗಳದ್ದು ಕಳಿಸುವೆನೋ ಇಲ್ಲವೋ ಗೊತ್ತಿಲ್ಲ ಎಂದು ಬರೆದಿದ್ದರು. ಇಪ್ಪತ್ತು ವರ್ಷ ಸಭೆಯಲ್ಲಿ ಪಕ್ಕದಲ್ಲಿ ಕುಳಿತ ಅಕ್ಕ ಹೀಗೆ ಬರೆದದ್ದನ್ನು ನಾವು ಕಂಡಿರಲಿಲ್ಲ. ಮಾತಾಡಿದ್ದನ್ನೂ ಕೇಳಿರಲಿಲ್ಲ. ಮೇಷ್ಟ್ರು ತಮ್ಮ ಕಿಟಕಿಯಿಂದ ಕಾಣುವ ಖಾಲಿ ರೈಲುಹಳಿಯನ್ನು ದಿನಕ್ಕೊಂದು ಪುಟದಂತೆ ಏಳು ದಿನ ಬರೆದರು. ಐದನೆಯ ದಿನದ ಪುಟದಲ್ಲಿ ಹಳಿಯ ಮೇಲೆ ಗಂಟು ಹೊತ್ತು ನಡೆದುಹೋದ ಒಂದು ಸಂಸಾರವಿತ್ತು, ಆರನೆಯದರಲ್ಲಿ ಮತ್ತೆ ಬರೀ ಹಳಿ.

ಮೇ, ಜೂನ್ ತಿಂಗಳುಗಳಲ್ಲಿ ಇವನ್ನು ಫೋಟೊ ತೆಗೆದು ಕಳಿಸುತ್ತಿದ್ದೆವು. ಅದರಲ್ಲಿ ಸುಖವಿರಲಿಲ್ಲ. ಮಡಿಚಿದ್ದನ್ನು ಬಿಡಿಸುವುದರಲ್ಲೇ ಅದರ ರುಚಿ. ಜುಲೈ ಆರಂಭದಿಂದ ರಾಷ್ಟ್ರೀಕೃತ ಬ್ಯಾಂಕುಗಳ ನೌಕರರಿಗೂ ಲೋಕಲ್ ಹತ್ತಲು ಅನುಮತಿ ಸಿಕ್ಕಿತು. ನಮ್ಮಲ್ಲಿ ಒಬ್ಬರು, ಕಲ್ಯಾಣದ ರಾಯರು, ಬ್ಯಾಂಕಿನವರು, ಶಾಖೆ ದಾದರಿನಲ್ಲಿ. ಅಲ್ಲಿಯವರೆಗೆ ಬಸ್ಸುಗಳನ್ನು ಬದಲಿಸುತ್ತ ಒಂದು ದಿಕ್ಕಿಗೆ ಎರಡೂವರೆ ಮೂರು ಗಂಟೆ ಪಯಣಿಸುತ್ತಿದ್ದವರು. “ರಾಯರೇ, ನಮ್ಮ ಹಾಳೆಗಳನ್ನು ಸ್ವಲ್ಪ ತಲುಪಿಸುತ್ತೀರಾ?” ಎಂದು ಮೊದಲು ಕೇಳಿದವರು ಯಾರು ಎಂಬುದನ್ನು ಈಗ ಯಾರೂ ನೆನಪಿಸಿಕೊಳ್ಳುವುದಿಲ್ಲ. ನಾವು ಕೇಳಿದೆವು, ಅಷ್ಟೆ. ರಾಯರು ಹೂಂ ಎಂದರು. ಪಾಸಿಲ್ಲದ ನಮ್ಮನ್ನು ನಿಲ್ದಾಣದೊಳಗೆ ಬಿಡುತ್ತಿರಲಿಲ್ಲ. ಆದ್ದರಿಂದ ಅವರೇ ಗಾಡಿಯಿಂದ ಇಳಿದು, ಸೇತುವೆ ಹತ್ತಿ, ಹೊರಗೆ ರಿಕ್ಷಾ ನಿಲ್ಲುವಲ್ಲಿಗೆ ಬಂದು ಪ್ಲಾಸ್ಟಿಕ್ ಚೀಲ ಕೊಟ್ಟು, ನಮ್ಮದನ್ನು ತೆಗೆದುಕೊಂಡು, ಮತ್ತೆ ಸೇತುವೆ ಹತ್ತಿ ಮುಂದಿನ ಗಾಡಿ ಹಿಡಿಯುತ್ತಿದ್ದರು. ಒಂದು ಶನಿವಾರ ಠಾಣೆ, ಮುಂದಿನದು ಮುಲುಂಡ್, ಅದರ ಮುಂದಿನದು ಘಾಟ್ಕೋಪರ್. ನಾವು ಚೀಲವನ್ನು ಮನೆಗೆ ಒಯ್ದು, ಮೂರು ದಿನ ಬಿಸಿಲಿಗಿಟ್ಟು, ಆಮೇಲೆ ತೆರೆಯುತ್ತಿದ್ದೆವು. ನಮ್ಮ ಎಚ್ಚರಿಕೆ ಅಷ್ಟು.

ಅವರೇ ಏನೂ ಬರೆದಿರಲಿಲ್ಲ. ಹೊತ್ತಿಲ್ಲ ಎನ್ನುತ್ತಿದ್ದರು. ಜುಲೈ ಕೊನೆಗೆ ಒಂದು ಚೀಲದಲ್ಲಿ ಅವರದೂ ಬಂತು. ಹಣ ತೆಗೆಯುವ ಚೀಟಿಗಳ ಬೆನ್ನಿನ ಮೇಲೆ ಬರೆದು ಎಂಟನ್ನು ದಾರದಿಂದ ಹೊಲಿದಿದ್ದರು. ನಮ್ಮ ಮಡಿಕೆಯ ಶಾಸ್ತ್ರ ಅವರಿಗೆ ಒಗ್ಗಿರಲಿಲ್ಲ. ಆ ಏಪ್ರಿಲ್, ಮೇ, ಜೂನ್ ಮೂರು ತಿಂಗಳು ಹೆಂಗಸರ ಜನಧನ ಖಾತೆಗಳಿಗೆ ಸರಕಾರ ತಿಂಗಳಿಗೆ 500 ರೂಪಾಯಿ ಹಾಕಿತ್ತು. ಏಪ್ರಿಲಿನಲ್ಲಿ ನೂಕುನುಗ್ಗಲಾಗದಿರಲೆಂದು ಖಾತೆ ಸಂಖ್ಯೆಯ ಕೊನೆಯ ಅಂಕಿಗೊಂದು ದಿನ ಗೊತ್ತುಮಾಡಿದ್ದರು. ರಾಯರ ಒಂದೊಂದು ಪುಟದಲ್ಲಿ ಸರದಿಯಲ್ಲಿ ನಿಂತ ಒಬ್ಬೊಬ್ಬ ಹೆಂಗಸು. ಒಬ್ಬಳಿಗೆ ಕೊನೆಯ ಅಂಕಿ ಯಾವುದೆಂದು ತಿಳಿಯದೆ ಎರಡು ಬಾರಿ ಬಂದು ಮರಳಿದ್ದಳು. ಒಬ್ಬಳು ಹೆಬ್ಬೆಟ್ಟೊತ್ತಲು ಶಾಯಿಯ ಪ್ಯಾಡು ಮುಟ್ಟಲು ಹೆದರಿ, ಸೆರಗಿನಿಂದ ಬೆರಳು ಸುತ್ತಿಕೊಂಡಿದ್ದಳು. ಸೆರಗಿನ ನೇಯ್ಗೆಯ ಗುರುತು ಚೀಟಿಯ ಮೇಲೆ ಮೂಡಿತ್ತು. ಒಬ್ಬಳು 500ನ್ನು ತೆಗೆಯಲು ಬಂದಿರಲಿಲ್ಲ, ಬಂದಿದೆಯೇ ಎಂದು ಕೇಳಲಷ್ಟೇ ಬಂದಿದ್ದಳು. ನಮ್ಮ ಬಾಲ್ಕನಿ, ತುಳಸಿ, ಸಾರು ಎಲ್ಲವೂ ಆ ದಿನ ಸಪ್ಪಗಾದವು. ಮೇಷ್ಟ್ರು ಅದನ್ನು ಎರಡು ಬಾರಿ ಓದಿಸಿ ಕೇಳಿ, “ಇದು ಮೋರಿಗಿಂತ ಚೆನ್ನಾಗಿದೆ” ಎಂದರು. ಅವರ ಬಾಯಲ್ಲಿ ಅದಕ್ಕಿಂತ ದೊಡ್ಡ ಹೊಗಳಿಕೆಯಿಲ್ಲ.

ಗಣೇಶ ಚೌತಿಗೆ ನಾಲ್ಕು ದಿನವಿರುವಾಗ ರಾಯರಿಗೆ ಜ್ವರ ಬಂತು. ಅದರ ಹಿಂದಿನ ಶನಿವಾರವಷ್ಟೇ ಠಾಣೆಯಲ್ಲಿ ಇಳಿದಿದ್ದರು. ಮಳೆಯಿಂದಾಗಿ ಗಾಡಿ ತಡವಾಗಿ, ಸೇತುವೆಯ ಮೇಲೆ ನೂಕುನುಗ್ಗಲಿನಲ್ಲಿ ಮುಕ್ಕಾಲು ಗಂಟೆ ಸಿಕ್ಕಿಕೊಂಡಿದ್ದರೆಂದು ಚೀಲ ಪಡೆದವರು ಹೇಳಿದರು. ಆಮ್ಲಜನಕದ ಪ್ರಮಾಣ 90ಕ್ಕೆ ಇಳಿದು ಹದಿನಾರು ದಿನ ಕೋವಿಡ್ ಕೇಂದ್ರದಲ್ಲಿದ್ದರು. ನಾವು ಫೋನಿನಲ್ಲಿ ಒಬ್ಬರಿಗೊಬ್ಬರು ಒಂದೇ ಮಾತನ್ನು ಹೇಳಿಕೊಂಡೆವು: ಹೇಗೂ ದಿನಾ ಕೆಲಸಕ್ಕೆ ಹೋಗುತ್ತಿದ್ದರಲ್ಲ, ಬ್ಯಾಂಕಿನಲ್ಲೇ ತಗಲಿರಬೇಕು. ಇರಬಹುದು. ಆದರೆ ಠಾಣೆಯಲ್ಲಿ ಇಳಿಯಲು ಬ್ಯಾಂಕು ಹೇಳಿರಲಿಲ್ಲ. ಅವರ ಮನೆಯವರು ನಮಗೆ ಒಂದು ಮಾತೂ ಅನ್ನಲಿಲ್ಲ. ದಿನಾ ಸಂಜೆ ಗುಂಪಿಗೆ ಅವರ ಉಷ್ಣಾಂಶವನ್ನು ಬರೆದು ಕಳಿಸುತ್ತಿದ್ದರು. ಬೈದಿದ್ದರೆ ಹಗುರಾಗುತ್ತಿತ್ತು.

ಅವರು ಗುಣವಾಗಿ ಮನೆಗೆ ಬಂದರು. ಅಕ್ಟೋಬರಿನಲ್ಲಿ ಅಂಚೆಯ ಮೂಲಕ ಒಂದು ಝೀನ್ ಕಳಿಸಿದರು, ಈ ಬಾರಿ ಸರಿಯಾಗಿ ಮಡಿಚಿದ್ದು. ವಾಸನೆ ಹೋಗಿತ್ತು ಅವರಿಗೆ. ಪುಟಕ್ಕೊಂದು ವಾಸನೆಯ ಹೆಸರು, ಅದರ ಕೆಳಗೆ ಅದು ಹೇಗಿತ್ತೆಂದು ನೆನಪಿನಿಂದ ಎರಡು ಸಾಲು: ಕಾಫಿ ಡಿಕಾಕ್ಷನ್ನು, ಹೊಸ ನೋಟಿನ ಕಟ್ಟು, ಮೊದಲ ಮಳೆಗೆ ಹಳಿಯ ಜಲ್ಲಿ. ಆರನೆಯ ಪುಟದಲ್ಲಿ ‘ಠಾಣೆ ಸೇತುವೆ’ ಎಂದಿತ್ತು. ನಾವು ಒಬ್ಬೊಬ್ಬರೂ ಆ ಪುಟವನ್ನು ಉಸಿರು ಬಿಗಿಹಿಡಿದು ಓದಿದ್ದೇವೆ. ಅಲ್ಲಿದ್ದುದು ಒದ್ದೆಯಾದ ರೈನ್‌ಕೋಟುಗಳ, ಹುರಿದ ಶೇಂಗಾದ ವಾಸನೆ ಮಾತ್ರ.

ನಮ್ಮಲ್ಲಿ ಯಾರೂ ಇದನ್ನು ಬರೆಯಲಿಲ್ಲ. ಒಡೆದ ಹಾಲಿನ ಪ್ಯಾಕೆಟ್ಟಿಗೂ ಎಂಟು ಪುಟ ಕೊಟ್ಟವರು, ಸುಳ್ಳಿಲ್ಲದೆ ದಿನದಿನದ ಬದುಕನ್ನು ಬರೆಯುತ್ತೇವೆಂದು ಬೀಗಿದವರು, ಆ ಹದಿನಾರು ದಿನಗಳ ಬಗ್ಗೆ ಒಂದು ಹಾಳೆಯನ್ನೂ ಮಡಿಚಲಿಲ್ಲ. ಸೆಪ್ಟೆಂಬರ್ ತಿಂಗಳ ನಮ್ಮ ಝೀನ್‌ಗಳಲ್ಲಿ ಹಾಗಲಕಾಯಿ ಗೊಜ್ಜಿದೆ, ಆನ್‌ಲೈನ್ ತರಗತಿಯಿದೆ, ಹಾಳಾದ ಫ್ಯಾನಿದೆ. ರಾಯರಿಲ್ಲ. ಅವರಿಗೆ ನೋವಾದೀತೆಂದು ಬಿಟ್ಟೆವು ಎಂದು ಆಗ ಹೇಳಿಕೊಂಡೆವು. ನಮಗೇ ಆಗುತ್ತಿತ್ತು ಎಂಬುದು ನಿಜ.

2021ರ ಏಪ್ರಿಲ್, ಮೇ ತಿಂಗಳುಗಳ ಝೀನ್‌ಗಳು ಇಲ್ಲ. ಬಳಗದ ಮೂರು ಮನೆಗಳಲ್ಲಿ ಸಾವಾಯಿತು.

ಆ ಆಗಸ್ಟಿನಲ್ಲಿ ಎರಡೂ ಲಸಿಕೆ ಪಡೆದವರಿಗೆ ಲೋಕಲ್ ತೆರೆಯಿತು. ದಸರೆಯ ಬಳಿಕ ಮಾಟುಂಗದಲ್ಲಿ ಮತ್ತೆ ಸೇರಿದೆವು. ಎಲ್ಲವನ್ನೂ ಒಂದು ಬಿಸ್ಕತ್ತಿನ ಡಬ್ಬಿಗೆ ಹಾಕಿದಾಗ 134 ಆದವು. ಪುಸ್ತಕ ಮಾಡೋಣವೆಂದು ಉತ್ಸಾಹ ಬಂತು. ಮುನ್ನುಡಿ ಯಾರದೆಂಬ ಚರ್ಚೆಯೂ ನಡೆಯಿತು. ರಾಯರು ಸುಮ್ಮನಿದ್ದರು. ಕೊನೆಗೆ, “ನನ್ನ ಚೀಟಿಗಳದ್ದು ಬೇಡ. ಆ ಹೆಂಗಸರನ್ನು ಯಾರು ಕೇಳಿದ್ದೀರಿ?” ಎಂದರು. ಅದಿಲ್ಲದೆ ಪುಸ್ತಕವೇಕೆ ಎಂದು ಒಬ್ಬರು, ಹೆಸರಿಲ್ಲವಲ್ಲ ಎಂದು ಇನ್ನೊಬ್ಬರು. ರಾಯರು ಮತ್ತೆ ಮಾತಾಡಲಿಲ್ಲ. ಚಹಾ ಬಂತು. ಲೋಟವನ್ನು ಮೂಗಿನ ಹತ್ತಿರ ಸ್ವಲ್ಪ ಹೊತ್ತು ಹಿಡಿದು, ಆಮೇಲೆ ಕುಡಿದರು. ಪುಸ್ತಕದ ಮಾತು ಅಲ್ಲಿಗೆ ನಿಂತಿತು.

ಈ ಬರಹವನ್ನು ಪ್ರಕಟಿಸುವ ಮುಂಚೆ ಅವರಿಗೆ ಓದಿ ಹೇಳಿದ್ದೇವೆ. ಅವರು ಒಂದು ತಿದ್ದುಪಡಿ ಸೂಚಿಸಿದರು: ಸೇತುವೆಯ ಮೇಲೆ ಸಿಕ್ಕಿಕೊಂಡದ್ದು ಮುಕ್ಕಾಲು ಗಂಟೆಯಲ್ಲ, ಹೆಚ್ಚೆಂದರೆ ಇಪ್ಪತ್ತು ನಿಮಿಷ. ನಾವು ಹಾಗೇ ಬಿಟ್ಟಿದ್ದೇವೆ. ಡಬ್ಬಿ ಮುಲುಂಡಿನ ಅಕ್ಕನ ಮನೆಯಲ್ಲಿದೆ. ಮಳೆಗಾಲದಲ್ಲಿ ಪೆನ್ಸಿಲಿನ ಬರಹ ಮಾಸುತ್ತಿದೆ, ಬೆಳ್ಳಿಹುಳು ಹೊಕ್ಕಿದೆ ಎಂದು ಅಕ್ಕ ಎರಡು ಬಾರಿ ಹೇಳಿದ್ದಾರೆ. ಬರುವ ಎರಡನೆಯ ಶನಿವಾರ ಡಬ್ಬಿಯನ್ನು ತರಲು ಹೇಳಿದ್ದೇವೆ. ಡಾಂಬರು ಗುಳಿಗೆ ಘಾಟ್ಕೋಪರಿನವರು ತರುತ್ತಾರೆ.