ಕೌದಿಯೊಳಗಿನ ಬಂದೂಕು

ಲೋಕಸಭೆಯದಿರಲಿ, ವಿಧಾನಸಭೆಯದಿರಲಿ, ಚುನಾವಣೆಯ ದಿನಾಂಕ ಗೊತ್ತಾಯಿತೆಂದರೆ ರೋಣ ತಾಲ್ಲೂಕಿನ ಆ ಹಳ್ಳಿಯ ಯಜಮಾನರು ಬಂದೂಕು ಹೊತ್ತು ಮನೆಯಿಂದ ಹೊರಬೀಳುತ್ತಾರೆ. ಉಳಿದ ದಿನಗಳಲ್ಲಿ ಅದು ದೇವರ ಮನೆಯ ಪಕ್ಕದ ಬೀರುವಿನಲ್ಲಿ ಬೀಗದೊಳಗಿರುತ್ತದೆ. ಬೀಗದ ಕೈ ಯಜಮಾನರ ಉಡದಾರದಲ್ಲಿ. ಅಂದರೆ ಅವರು ನಾಲ್ಕು ಜನರ ಕಣ್ಣೆದುರು ಬಂದೂಕು ಹಿಡಿದು ನಡೆಯುವುದು ಅದನ್ನು ಪೊಲೀಸರಿಗೆ ಒಪ್ಪಿಸಲು ಹೋಗುವ ದಿನ ಮಾತ್ರ.

ಹಿಡಿದು ನಡೆಯುವುದು ಎಂದರೂ ತಪ್ಪಾದೀತು. ಬಂದೂಕು ಕಾಣುವುದೇ ಇಲ್ಲ. ತೀರಿಹೋದ ಹೆಂಡತಿ ಹಳೆಯ ಸೀರೆಯ ತುಂಡುಗಳನ್ನು ಜೋಡಿಸಿ ಉದ್ದಕ್ಕೆ ಹೊಲಿದುಕೊಟ್ಟ ಕೌದಿಯ ಚೀಲವೊಂದಿದೆ. ಕೆಂಪು, ಹಸಿರು, ನಡುನಡುವೆ ಇಳಕಲ್ಲಿನ ದಡಿ. ಅದರೊಳಗೆ ಬಂದೂಕು, ಎರಡೂ ತುದಿಗೆ ದಾರ. ನೋಡಿದವರಿಗೆ ಯಾರೋ ಮಗಳ ಮನೆಗೆ ಹಾಸಿಗೆ ಒಯ್ಯುತ್ತಿದ್ದಾರೆ ಅನ್ನಿಸಬೇಕು. ಆದರೆ ಊರಿಗೆಲ್ಲ ಗೊತ್ತು. ಅಗಸಿಯ ಕಟ್ಟೆಯ ಮೇಲೆ ಕೂತವರು ಕೇಳಿಯೇ ಕೇಳುತ್ತಾರೆ: "ಯಾರ ಮ್ಯಾಲ ದಂಡೆತ್ತಿ ಹೊಂಟೀರಿ ಯಜಮಾನ್ರ?"

"ಇಲೆಕ್ಷನ್ ಬಂತಲ್ಲೋ ತಮ್ಮಾ, ಇದನ್ನ ಠಾಣೇಕ ಇಟ್ಟು ಬರತೇನಿ."

ಬಸ್ಸಿನಲ್ಲಿ ಕಂಡಕ್ಟರನ ಸರದಿ. "ಇದಕ್ಕ ಲಗೇಜ್ ಹಾಕ್ಲೋ, ಹಾಫ್ ಟಿಕೀಟ್ ಹಾಕ್ಲೋ?" ನಲವತ್ತು ವರ್ಷಗಳಲ್ಲಿ ಕಂಡಕ್ಟರುಗಳು ಬದಲಾಗಿದ್ದಾರೆ, ಮಾತು ಬದಲಾಗಿಲ್ಲ.

ಅದು ಒಂಟಿ ನಳಿಗೆಯ ಬಂದೂಕು. ಬಾಯಿಂದ ಮದ್ದು ತುಂಬಿ, ಗಜದಿಂದ ಜಡಿದು, ಕೇಪು ಇಟ್ಟು ಹಾರಿಸುವಂಥದು. ಮಲೆನಾಡಿನವರು ಕೋವಿ ಎನ್ನುತ್ತಾರೆ, ಕೊಡವರು ತೋಕ್ ಎನ್ನುತ್ತಾರೆ, ರೋಣದ ಕಡೆ ಬಂದೂಕೆಂದರೇ ಸೈ. ಪೀಕು ರಕ್ಷಣೆಗೆಂದು ಪರವಾನಗಿ ಸಿಕ್ಕಾಗ ರೋಣ ಇನ್ನೂ ಧಾರವಾಡ ಜಿಲ್ಲೆಯಲ್ಲಿತ್ತು. 1997ರಲ್ಲಿ ಗದಗ ಜಿಲ್ಲೆಯಾದ ಮೇಲೆ ಪುಸ್ತಕದ ಮೇಲೆ ಬೇರೆ ಕಚೇರಿಯ ಮೊಹರು ಬೀಳತೊಡಗಿತು. ಮೊದಲು ಮೂರು ವರ್ಷಕ್ಕೊಮ್ಮೆ ನವೀಕರಣ, 2019ರ ತಿದ್ದುಪಡಿಯ ನಂತರ ಐದು ವರ್ಷಕ್ಕೊಮ್ಮೆ. ಆ ಪುಸ್ತಕದ ಹಾಳೆ ತಿರುವಿದರೆ ಎಷ್ಟು ಸಾಹೇಬರು ಬಂದುಹೋದರೆಂಬುದು ಸಹಿಗಳಿಂದಲೇ ಗೊತ್ತಾಗುತ್ತದೆ. ಎಷ್ಟು ಹಂದಿ ಸತ್ತವೆಂಬುದು ಗೊತ್ತಾಗುವುದಿಲ್ಲ. ಯಾಕೆಂದರೆ ಒಂದೂ ಸತ್ತಿಲ್ಲ. ಯಜಮಾನರು ಹಾರಿಸಿದ್ದೆಲ್ಲ ಆಕಾಶಕ್ಕೆ.

ಹೊಡೆಯುವುದು ಅಷ್ಟು ಸುಲಭವೂ ಅಲ್ಲ. ಈ ಎರೆಭೂಮಿಯಲ್ಲಿ ಹೆಸರು, ಕಡಲೆ, ಜೋಳದ ಮೇಲೆ ಹಿಂಡುಗಟ್ಟಿ ಬೀಳುವುದು ಚಿಗರಿ, ಅಂದರೆ ಕೃಷ್ಣಮೃಗ. 1972ರ ವನ್ಯಜೀವಿ ಕಾಯ್ದೆ ಅದಕ್ಕೆ ಹುಲಿಗೆ ಕೊಟ್ಟಷ್ಟೇ ರಕ್ಷಣೆ ಕೊಟ್ಟಿದೆ. ಮುಟ್ಟಿದರೆ ಜೈಲು. ಹಂದಿಗೂ ಅರಣ್ಯ ಇಲಾಖೆಯ ಶರತ್ತುಗಳಿವೆ. ಪೀಕು ಕಾಯಲೆಂದು ಬಂದೂಕು ಕೊಟ್ಟ ಸರಕಾರವೇ ಪೀಕು ತಿನ್ನುವ ಪ್ರಾಣಿಯನ್ನೂ ಕಾಯುತ್ತದೆ. ಎರಡೂ ಸರಿಯೇ ಇರಬಹುದು, ನಡುವೆ ನಿಂತ ರೈತನಿಗೆ ಉಳಿಯುವುದು ಸಪ್ಪಳವೊಂದೇ. ಆ ಸಪ್ಪಳವನ್ನೂ ಈಗ ಹೆಚ್ಚಾಗಿ ಸೊಸೆಯೇ ಮಾಡುತ್ತಾಳೆ, ಡಬ್ಬಿ ಬಡಿದು. ಜೋಳ ಹಾಲುಗಾಳಾದಾಗ ಹೊಲದ ಅಟ್ಟದ ಮೇಲೆ ಕವಣೆ ಹಿಡಿದು ಕೂಡುವವಳು ಅವಳೇ.

ಊರಿನಿಂದ ಟೆಕ್ಸಾಸಿಗೆ ಹೋಗಿ ನೆಲೆಸಿದ ಅಣ್ಣನ ಮೊಮ್ಮಗನೊಬ್ಬನಿದ್ದಾನೆ. ರಜೆಗೆ ಬಂದಾಗ ಕೌದಿಯ ಚೀಲ ನೋಡಿ ನಕ್ಕಿದ್ದ. ಅಲ್ಲಿ ಸೊಂಟಕ್ಕೆ ಪಿಸ್ತೂಲು ಎಲ್ಲರಿಗೂ ಕಾಣುವಂತೆ ಕಟ್ಟಿಕೊಂಡು ಕಿರಾಣಿ ಅಂಗಡಿಗೆ ಬರುವವರಿದ್ದಾರೆ ಎಂದ. ಅದಕ್ಕೆ 2021ರ ಸೆಪ್ಟೆಂಬರಿನಿಂದ ಪರವಾನಗಿಯೂ ಬೇಕಿಲ್ಲ, ಅಮೆರಿಕದ ಅರ್ಧಕ್ಕೂ ಹೆಚ್ಚು ರಾಜ್ಯಗಳಲ್ಲಿ ಈಗ ಇದೇ ಪದ್ಧತಿ ಎಂದ. ಅಲ್ಲಿ ಅದು ಸಂವಿಧಾನ ಕೊಟ್ಟ ಹಕ್ಕು, ಬೇಡವೆನ್ನಬೇಕಾದರೆ ಸರಕಾರವೇ ಕಾರಣ ಹೇಳಬೇಕು. ಇಲ್ಲಿ 1959ರ ಆಯುಧ ಕಾಯ್ದೆಯ ಪ್ರಕಾರ ಬೇಕೆನ್ನುವವನು ಕಾರಣ ಹೇಳಬೇಕು. ಸಿಕ್ಕ ಮೇಲೂ ರಸ್ತೆಯಲ್ಲಿ ಒಯ್ಯುವಾಗ ಮುಚ್ಚಿಕೊಂಡೇ ಒಯ್ಯಬೇಕು, ಝಳಪಿಸಬಾರದು ಎಂದು 2016ರ ನಿಯಮಗಳು ಹೇಳುತ್ತವೆ. ಯಜಮಾನರ ಮನೆಯವರು ಅದಕ್ಕೂ ಎಷ್ಟೋ ವರ್ಷ ಮೊದಲೇ ಕೌದಿ ಹೊಲಿದಿದ್ದರು, ಧೂಳು ಹತ್ತಬಾರದೆಂದು.

ಹುಡುಗ ಹೇಳಿದ್ದನ್ನೆಲ್ಲ ಕೇಳಿ ಯಜಮಾನರು, "ಅಲ್ಲೆ ಹಂದಿ ಭಾಳ ಅದಾವೇನೋ?" ಎಂದರು. ಹುಡುಗ ಮತ್ತೆ ನಕ್ಕ. ಆದರೆ ಟೆಕ್ಸಾಸಿನ ಹೊಲಗಳಲ್ಲಿ ಕಾಡುಹಂದಿಯ ಕಾಟ ಸಣ್ಣದೇನಲ್ಲ. ಪ್ರಶ್ನೆ ಸರಿಯಾಗಿಯೇ ಇತ್ತು.

ನಮ್ಮವರೂ ಒಮ್ಮೆ ಆ ಹಕ್ಕು ಕೇಳಿದ್ದುಂಟು. 1931ರ ಕರಾಚಿ ಕಾಂಗ್ರೆಸ್ ಅಧಿವೇಶನದ ಠರಾವಿನಲ್ಲಿ, ನಿಯಮಗಳಿಗೆ ಒಳಪಟ್ಟು ಆಯುಧ ಹೊಂದುವುದು ನಾಗರಿಕನ ಹಕ್ಕೆಂಬ ಮಾತು ಸೇರಿತ್ತು. 1948ರ ಡಿಸೆಂಬರಿನಲ್ಲಿ ಸಂವಿಧಾನ ಸಭೆಯಲ್ಲಿ, ಮಂಗಳೂರಿನಲ್ಲಿ ಹುಟ್ಟಿದ ಎಚ್. ವಿ. ಕಾಮತರು ಅದನ್ನು ಮೂಲಭೂತ ಹಕ್ಕುಗಳಲ್ಲಿ ಸೇರಿಸಬೇಕೆಂದು ತಿದ್ದುಪಡಿ ತಂದರು. ಅಂಬೇಡ್ಕರ್ ಒಪ್ಪಲಿಲ್ಲ, ಸಭೆಯೂ ಒಪ್ಪಲಿಲ್ಲ. ಒಪ್ಪದಿದ್ದುದೇ ಒಳ್ಳೆಯದಾಯಿತೆಂದು ಬದುವಿನ ಜಗಳ ಕಂಡ ಯಾವ ಹಳ್ಳಿಯವನಾದರೂ ಹೇಳಿಯಾನು.

ಆದರೆ ಆಯುಧ ಒಪ್ಪಿಸು ಎಂಬ ಮಾತಿಗೆ ಈ ನೆಲದಲ್ಲಿ ಬೇರೆ ನೆನಪಿದೆ. ರೋಣವೆಂದರೆ ದ್ರೋಣಪುರ, ದ್ರೋಣಾಚಾರ್ಯರ ಊರು ಎಂಬುದು ಊರವರ ನಂಬಿಕೆ. ಬಿಲ್ವಿದ್ಯೆಯ ಗುರು ಬೇಡರ ಹುಡುಗನ ಹೆಬ್ಬೆರಳು ಕೇಳಿದ ಕಥೆ ಎಲ್ಲರಿಗೂ ಗೊತ್ತು. ಮುಂದೆ 1857ರಲ್ಲಿ ಉತ್ತರದ ದಂಗೆಯ ಸುದ್ದಿಗೆ ಬೆದರಿದ ಕಂಪನಿ ಸರಕಾರ ಸೆಪ್ಟೆಂಬರಿನಲ್ಲಿ ನಿಶ್ಶಸ್ತ್ರೀಕರಣದ ಕಾಯ್ದೆ ತಂದಿತು. ಪರವಾನಗಿ ಇಲ್ಲದೆ ಹತ್ಯಾರ ಇಟ್ಟುಕೊಳ್ಳುವ ಹಾಗಿಲ್ಲ. ಮುಧೋಳ ಸೀಮೆಯ ಹಲಗಲಿಯ ಬೇಡರಿಗೆ ಹತ್ಯಾರ ಅಂದರೆ ಅನ್ನ ಮತ್ತು ಮಾನ. ಕೊಡುವುದಿಲ್ಲ ಎಂದರು. ನವೆಂಬರ್ ಕೊನೆಗೆ ಸೇನೆ ಬಂತು, ಊರಿಗೆ ಬೆಂಕಿ ಬಿತ್ತು. ಡಿಸೆಂಬರ್ 11ರಂದು ಮುಧೋಳದಲ್ಲಿ 13 ಮಂದಿಯನ್ನು, 14ರಂದು ಹಲಗಲಿಯಲ್ಲೇ 6 ಮಂದಿಯನ್ನು ಗಲ್ಲಿಗೇರಿಸಿದರು. ಊರೂರಿನ ಲಾವಣಿಕಾರರು ಅದನ್ನು ಹಾಡಿದರು. ಆ ಹಾಡನ್ನು ಸಂಗ್ರಹಿಸಿ ಅಚ್ಚು ಹಾಕಿಸಿದ್ದು ಫ್ಲೀಟ್ ಎಂಬ ಇಂಗ್ಲಿಷ್ ಅಧಿಕಾರಿಯೇ ಎನ್ನುವುದು ಇನ್ನೊಂದು ಸೋಜಿಗ.

ಮುಂದಿನ ವರ್ಷ ಬೆಂಕಿ ಈ ಕಡೆಗೇ ಬಂತು. 1858ರ ಮೇ ತಿಂಗಳಲ್ಲಿ ಹಮ್ಮಿಗಿಯಲ್ಲಿ ಅಡಗಿಸಿಟ್ಟ ಆಯುಧಗಳು ಅಧಿಕಾರಿಗಳ ಕೈಗೆ ಸಿಕ್ಕಿದ್ದೇ ನೆಪವಾಗಿ ಮುಂಡರಗಿಯ ಭೀಮರಾಯ ಬಂಡೆದ್ದು, ಡಂಬಳದ ಖಜಾನೆ ಲೂಟಿ ಮಾಡಿ, ಕೊಪ್ಪಳದ ಕೋಟೆಯಲ್ಲಿ ಸತ್ತ. ಪಕ್ಕದ ನರಗುಂದದ ಬಾಬಾಸಾಹೇಬನ ಸಿಟ್ಟು ದತ್ತಕದ್ದು. ಮಗನನ್ನು ದತ್ತು ತೆಗೆದುಕೊಳ್ಳಲು ಬಿಡದ ಸರಕಾರದ ಏಜೆಂಟ್ ಮ್ಯಾನ್ಸನ್ನನನ್ನು ಮೇ 29ರ ರಾತ್ರಿ ಸುರೇಬಾನದಲ್ಲಿ ಕೊಲ್ಲಿಸಿದ, ಜೂನ್ 12ರಂದು ಬೆಳಗಾವಿಯಲ್ಲಿ ತಾನೇ ಗಲ್ಲಿಗೇರಿದ. ಕೋಟೆ, ಬಂದೂಕು, ವಾರಸುದಾರ: ಮೂರರ ಮಾತೂ ಆ ಒಂದೇ ಬೇಸಿಗೆಯಲ್ಲಿ ಮುಗಿದುಹೋಯಿತು.

ವಿಚಿತ್ರವೆಂದರೆ ಹಲಗಲಿಯ ಬೂದಿ ಆರಿ ನಾಲ್ಕು ವರ್ಷವೂ ಆಗಿರಲಿಲ್ಲ, 1861ರಲ್ಲಿ ಅದೇ ಬ್ರಿಟಿಷ್ ಆಡಳಿತದ ಕಮಿಷನರ್ ಮಾರ್ಕ್ ಕಬ್ಬನ್ ಕೊಡವರಿಗೆ ಆ ಕಾಯ್ದೆಯಿಂದಲೇ ವಿನಾಯಿತಿ ಕೊಟ್ಟ. ಅವರು ನಂಬಿಗಸ್ತರು ಎಂಬುದೇ ಕಾರಣ. ಸ್ವತಂತ್ರ ಭಾರತವೂ ಅದನ್ನು ಮುಂದುವರಿಸಿತು. ಕೊಡವರಿಗೂ ಜಮ್ಮಾ ಹಿಡುವಳಿದಾರರಿಗೂ ಇರುವ ಈ ವಿನಾಯಿತಿಯನ್ನು ಕೇಂದ್ರ ಸರಕಾರ 2019ರಲ್ಲಿ ಇನ್ನೂ ಹತ್ತು ವರ್ಷಕ್ಕೆ ವಿಸ್ತರಿಸಿದೆ, 2021ರಲ್ಲಿ ಹೈಕೋರ್ಟು ಎತ್ತಿಹಿಡಿದಿದೆ. ಕೈಲ್‌ಪೊಳ್ದ್ ಹಬ್ಬದ ದಿನ ಅಲ್ಲಿ ಬಂದೂಕಿಗೆ ಹೂವೇರಿಸಿ ಪೂಜಿಸುತ್ತಾರೆ. ಇಲ್ಲಿಯೂ ಖಂಡೇ ಪೂಜೆಯ ದಿನ ಯಜಮಾನರ ಬಂದೂಕು ಕುಡಗೋಲು, ಕೂರಿಗೆಗಳ ಸಾಲಿನಲ್ಲಿ ವಿಭೂತಿ ಹಚ್ಚಿಸಿಕೊಂಡು ಕೂಡುತ್ತದೆ. ಪೂಜೆ ಒಂದೇ, ಕಾಯ್ದೆ ಬೇರೆ. ಯಾರನ್ನು ನಂಬಬೇಕು, ಯಾರನ್ನು ನಂಬಬಾರದು ಎಂದು ಆಳುವವರು ಬರೆದಿಟ್ಟ ಖಾತೆಕಿರ್ದಿಯಂತಿದೆ ಈ ಕಾಯ್ದೆಗಳ ಇತಿಹಾಸ.

ಚುನಾವಣೆಗೆ ಬಂದೂಕು ಒಪ್ಪಿಸುವುದಕ್ಕೆ ಯಜಮಾನರ ತಕರಾರಿಲ್ಲ. ಮಲೆನಾಡಿನಲ್ಲಿ, ದಕ್ಷಿಣ ಕನ್ನಡದಲ್ಲಿ ಫಸಲು ನಿಂತಿರುವಾಗ ಕೋವಿ ಕಸಿದುಕೊಳ್ಳುತ್ತಾರೆಂದು ರೈತರು ಕೋರ್ಟಿಗೆ ಹೋಗಿದ್ದಾರೆ, ಅವರ ಕಷ್ಟ ದೊಡ್ಡದು. ರೋಣದಲ್ಲಿ ಏಪ್ರಿಲ್, ಮೇ ಎಂದರೆ ಬರಿ ಬಿರುಕುಬಿಟ್ಟ ಎರೆ. ಕಾಯಲಿಕ್ಕೆ ಏನೂ ಇಲ್ಲ. ಹಿಂಗಾರಿ ಜೋಳದ ಸೀತನಿ ಸುಡುವ ಹೊತ್ತಿಗೆ ಪಂಚಾಯಿತಿ ಚುನಾವಣೆ ಬಂದರೆ ಮಾತು ಬೇರೆ.

ಅವರ ಚಿಂತೆ ಮನೆಯೊಳಗಿನದು. 2024ರ ಮಾರ್ಚಿನಲ್ಲಿ ಲೋಕಸಭೆಯ ಚುನಾವಣೆಗೆಂದು ಬಂದೂಕು ಒಪ್ಪಿಸಲು ಹೋದಾಗ ಠಾಣೆಯ ರೈಟರು ಪುಸ್ತಕ ನೋಡಿ ಹೇಳಿದರು: "ಅಜ್ಜಾರ, ಎಪ್ಪತ್ತು ದಾಟೀರಿ. ಇನ್ನ ಇದನ್ನ ವಾರಸುದಾರರ ಹೆಸರಿಗೆ ಮಾಡಿಸಾಕ ಬರತೈತಿ. ಇಲ್ಲಾಂದ್ರ ಸರಕಾರಕ್ಕ ಒಪ್ಪಿಸಿಬಿಡ್ರಿ." ಮಾತು ಸರಿ. ಎಪ್ಪತ್ತು ವರ್ಷ ತುಂಬಿದವರು, ಅಥವಾ ಇಪ್ಪತ್ತೈದು ವರ್ಷ ಬಂದೂಕು ಇಟ್ಟುಕೊಂಡವರು, ವಾರಸುದಾರರೊಬ್ಬರನ್ನು ಸೂಚಿಸಬಹುದೆಂದು ನಿಯಮವಿದೆ. ಅವರು ಅರ್ಜಿ ಹಾಕಬೇಕು, ತರಬೇತಿ ಪಡೆಯಬೇಕು, ಪೊಲೀಸರ ವರದಿ ಸರಿಯಿರಬೇಕು.

ಒಬ್ಬನೇ ಮಗ. ಗಜೇಂದ್ರಗಡದಲ್ಲಿ ಗೊಬ್ಬರದ ಅಂಗಡಿ. ಯಾರಾದರೂ ಅನ್ನುವುದು, ಮಗನಿಗೇ ಆಗಲಿ ಎಂದು. ಯಜಮಾನರು ಅನ್ನಲಿಲ್ಲ. ಹನ್ನೆರಡು ವರ್ಷದ ಹಿಂದೆ ದಾಯಾದಿಗಳೊಡನೆ ಬದುವಿನ ಮಾತಿಗೆ ಮಾತು ಬೆಳೆದು, ಮಗ ಕೆಂಡದಂತಾಗಿ ಹೊಲದಿಂದ ಮನೆಗೆ ಓಡಿಬಂದಿದ್ದ. ನೆಟ್ಟಗೆ ಬೀರುವಿನ ಕಡೆ. ಬೀಗ ಜಗ್ಗಿದ, ಒದ್ದ. ಕೈ ಅಪ್ಪನ ಉಡದಾರದಲ್ಲಿತ್ತು, ಅಪ್ಪ ಕೆರೆಗೆ ಎತ್ತು ಹೊಡೆದುಕೊಂಡು ಹೋಗಿದ್ದರು. ಹೆಂಡತಿ ಅಡ್ಡ ನಿಂತಳು, ತಂಬಿಗೆ ನೀರು ಕೊಟ್ಟಳು. ಅರ್ಧ ತಾಸಿನಲ್ಲಿ ಸಿಟ್ಟು ಇಳಿಯಿತು. ತಿಂಗಳಾದ ಮೇಲೆ ಅದೇ ದಾಯಾದಿಗಳ ಮನೆಯ ಮದುವೆಯಲ್ಲಿ ಅವನೇ ಬಡಿಸಲು ನಿಂತಿದ್ದ. ಒಳ್ಳೆಯ ಹುಡುಗ. ಆದರೆ ಅಂದಿನಿಂದ ಯಜಮಾನರು ಸ್ನಾನಕ್ಕೆ ಹೋಗುವಾಗಲೂ ಕೈ ಬಿಚ್ಚಿಟ್ಟಿಲ್ಲ.

ಮಗನೇನೂ ಬಂದೂಕು ಕೇಳಲಿಲ್ಲ. "ಒಪ್ಪಿಸಿಬಿಡು ಯಪ್ಪಾ, ಈಗ ಸೋಲಾರ್ ಬೇಲಿ ಬಂದಾವು" ಅಂದ. ಅದೂ ನಿಜ. ಆ ರಾತ್ರಿ ಮೊಮ್ಮಗಳು ಹತ್ತನೆಯ ತರಗತಿಯಲ್ಲಿ ಕಲಿತ ಹಲಗಲಿಯ ಲಾವಣಿಯನ್ನು ಅಜ್ಜನಿಗೆ ಓದಿ ಹೇಳಿದಳು. ಕೇಳಿ ಮುಗಿಸಿ ಯಜಮಾನರು, "ಅವರ ಹತ್ಯಾರ ಏನಾದ್ವು?" ಎಂದರು. ಪಾಠದಲ್ಲಿ ಅದಿರಲಿಲ್ಲ.

ಮೇ 7ಕ್ಕೆ ಮತದಾನವಾಯಿತು, ಜೂನ್ 4ಕ್ಕೆ ಫಲಿತಾಂಶ. ವಾರ ಬಿಟ್ಟು ಯಜಮಾನರು ರಸೀದಿ ಹಿಡಿದು ಠಾಣೆಗೆ ಹೋದರು. ಸೊಸೆಯೂ ಜೊತೆಗಿದ್ದಳು, ಬೀಜದ ಹೆಸರು ತರುವುದಿತ್ತು. ರೈಟರು ಕೋಣೆಯಿಂದ ಕೌದಿಯ ಚೀಲ ತರಿಸಿದರು. ಯಜಮಾನರು ದಾರ ಬಿಚ್ಚಿ, ನಳಿಗೆಗೆ ಕಣ್ಣು ಹಚ್ಚಿ ನೋಡಿ, ವಹಿಯಲ್ಲಿ ಸಹಿ ಮಾಡಿದರು. ಆಮೇಲೆ ದನಿ ತಗ್ಗಿಸಿ ಕೇಳಿದರು:

"ಸಾಹೇಬ್ರ, ಸೊಸಿ ಹೆಸರಿಗೆ ಮಾಡಿಸಾಕ ಬರತೈತೇನ್ರಿ?"

ರೈಟರು ನಗಲಿಲ್ಲ. ಬಾಗಿಲ ಬಳಿ ಸೆರಗು ಸರಿಮಾಡಿಕೊಂಡು ನಿಂತವಳನ್ನು ಒಮ್ಮೆ ನೋಡಿದರು. "ಕೇಳಿ ಹೇಳತೇನ್ರಿ ಅಜ್ಜಾರ. ಮೊದಲ ಅವರನ್ನ ಕೇಳೀರೇನು?"

ಯಜಮಾನರು ಕೇಳಿರಲಿಲ್ಲ. ಬಂದೂಕನ್ನು ಮತ್ತೆ ಕೌದಿಯೊಳಗಿಟ್ಟು, ಎರಡೂ ಕಡೆ ದಾರ ಬಿಗಿದರು. ಬಸ್ ನಿಲ್ದಾಣದ ತನಕ ಇಬ್ಬರೂ ಮಾತಾಡಲಿಲ್ಲ. ಬಸ್ಸು ಬಂದಾಗ ಬೀಜದ ಚೀಲ ಅವರ ಕೈಗೆ ಕೊಟ್ಟು, ಕೌದಿಯ ಚೀಲ ತಾನು ಇಸಿದುಕೊಂಡು, ಅವಳೇ ಮೊದಲು ಹತ್ತಿದಳು.