ಆ ಒಂದು ಬೀದಿಗೆ ಮಾತ್ರ ಹೋಗಲಿಲ್ಲ

ಲಂಡನ್ನಿನ ಕಿಂಗ್ಸ್ ಕ್ರಾಸ್‌ನಿಂದ ಕೇಂಬ್ರಿಡ್ಜ್‌ಗೆ ರೈಲಿನಲ್ಲಿ ಹೆಚ್ಚುಕಡಿಮೆ ಒಂದು ಗಂಟೆ. ಅಲ್ಲಿಗೆ ಹೋದವರೆಲ್ಲ ಕಿಂಗ್ಸ್ ಕಾಲೇಜು ನೋಡ್ತಾರೆ, ದೋಣಿಯಲ್ಲಿ ಕೂತು ಫೋಟೊ ತೆಗೆಸಿಕೊಳ್ತಾರೆ. ನನ್ನ ಫೋನಿನ ಮ್ಯಾಪ್‌ನಲ್ಲಿ ಗುರುತು ಹಾಕಿಕೊಂಡಿದ್ದ ಐದು ಜಾಗಗಳೇ ಬೇರೆ. ಐದೂ ಒಬ್ಬನೇ ಮನುಷ್ಯನಿಗೆ ಸಂಬಂಧಪಟ್ಟವು. ಅವನು ಸಿಡ್ ಬ್ಯಾರೆಟ್.

ಹೆಸರು ಕೇಳಿಲ್ಲ ಅಂದ್ರೂ ಪರವಾಗಿಲ್ಲ. ಪಿಂಕ್ ಫ್ಲಾಯ್ಡ್ ಟೀಶರ್ಟ್ ಹಾಕಿಕೊಂಡವರನ್ನಂತೂ ನೋಡಿರ್ತೀರಿ, ಕಪ್ಪು ಬಟ್ಟೆಯ ಮೇಲೆ ಒಂದು ತ್ರಿಕೋನ, ಅದರಿಂದ ಹೊರಬರುವ ಬಣ್ಣದ ಗೆರೆಗಳು. ಆ ಬ್ಯಾಂಡಿಗೆ ಹೆಸರಿಟ್ಟವನು, ಅದರ ಮೊದಮೊದಲ ಹಾಡುಗಳನ್ನು ಬರೆದು ಹಾಡಿದವನು ಸಿಡ್. ಅಮೆರಿಕದ ಇಬ್ಬರು ಬ್ಲೂಸ್ ಗಾಯಕರಾದ ಪಿಂಕ್ ಆಂಡರ್ಸನ್ ಮತ್ತು ಫ್ಲಾಯ್ಡ್ ಕೌನ್ಸಿಲ್ ಅವರ ಹೆಸರು ಜೋಡಿಸಿ ಅವನು ಆ ಹೆಸರು ಮಾಡಿದ್ದ. ಆದರೆ 1973ರಲ್ಲಿ ತ್ರಿಕೋನದ ಆಲ್ಬಮ್ ಬಂದು ಜಗತ್ತೆಲ್ಲ ಹುಚ್ಚಾದಾಗ, ಅವನು ಬ್ಯಾಂಡ್ ಬಿಟ್ಟು ಐದು ವರ್ಷ ಆಗಿತ್ತು.

ಸ್ಟೇಷನ್‌ನಿಂದ ಹೊರಬಂದು ಸ್ವಲ್ಪ ನಡೆದರೆ ಗ್ಲಿಸನ್ ರಸ್ತೆ. 1946ರ ಜನವರಿ 6ರಂದು ಅವನು ಹುಟ್ಟಿದ್ದು ಇಲ್ಲಿ. ಮನೆಯಲ್ಲಿ ಇಟ್ಟ ಹೆಸರು ರಾಜರ್ ಕೀತ್ ಬ್ಯಾರೆಟ್. ಸಿಡ್ ಅನ್ನೋದು ಹುಡುಗನಾಗಿದ್ದಾಗ ಅಂಟಿಕೊಂಡ ಅಡ್ಡಹೆಸರು. ರಸ್ತೆ ಎಷ್ಟು ಸಾಧಾರಣ ಅಂದ್ರೆ, ಒತ್ತೊತ್ತಾಗಿ ನಿಂತ ಮನೆಗಳು, ಒರಗಿಸಿಟ್ಟ ಸೈಕಲ್‌ಗಳು, ಅಷ್ಟೇ. ನಾನು ಎರಡು ನಿಮಿಷ ನಿಂತು ವಾಪಸ್ ಹಿಲ್ಸ್ ರಸ್ತೆಗೆ ಬಂದು, ರೈಲ್ವೆ ಸೇತುವೆ ದಾಟಿದೆ.

ಹಿಲ್ಸ್ ರಸ್ತೆ ನನಗೆ ಆಶ್ಚರ್ಯ ತಂದ ಜಾಗ. ಈಗ ಸಿಕ್ಸ್ತ್ ಫಾರ್ಮ್ ಕಾಲೇಜ್ ಆಗಿರುವ ಹುಡುಗರ ಶಾಲೆಯಲ್ಲಿ ಸಿಡ್ ಓದಿದ. ಮುಂದೆ ಪಿಂಕ್ ಫ್ಲಾಯ್ಡ್‌ನ ಮುಖ್ಯ ಗೀತರಚನೆಕಾರನಾದ ರಾಜರ್ ವಾಟರ್ಸ್, ಆ ತ್ರಿಕೋನದ ಕವರ್ ರೂಪಿಸಿದ ತಂಡದ ಸ್ಟಾರ್ಮ್ ಥೋರ್ಗರ್ಸನ್ ಇಬ್ಬರೂ ಇದೇ ಶಾಲೆಯವರು. ಬ್ಯಾಂಡಿನಲ್ಲಿ ಸಿಡ್ ಜಾಗಕ್ಕೆ ಬಂದ ಡೇವಿಡ್ ಗಿಲ್ಮೋರ್ ಓದಿದ ಪರ್ಸ್ ಶಾಲೆಯೂ ಇದೇ ರಸ್ತೆಯಲ್ಲಿ. ಒಂದೇ ರಸ್ತೆಯ ಹುಡುಗರು! ಸಿಡ್‌ನ ಕುಟುಂಬವೂ ಆಮೇಲೆ ಇದೇ ರಸ್ತೆಯ ದೊಡ್ಡ ಮನೆಗೆ ಬಂದಿತ್ತು. ತಂದೆ ಆಸ್ಪತ್ರೆಯಲ್ಲಿ ಪೆಥಾಲಜಿಸ್ಟ್. 1961ರಲ್ಲಿ ಅವರು ತೀರಿಕೊಂಡಾಗ ಸಿಡ್‌ಗೆ ಇನ್ನೂ 16 ತುಂಬಿರಲಿಲ್ಲ. ತಾಯಿ ಮನೆಯ ಕೋಣೆಗಳನ್ನು ಬಾಡಿಗೆಗೆ ಕೊಟ್ಟರು.

1967ರಲ್ಲಿ ಬಂದ ಬ್ಯಾಂಡಿನ ಮೊದಲ ಹಾಡು 'ಆರ್ನಾಲ್ಡ್ ಲೇನ್' ಹುಟ್ಟಿದ್ದೂ ಇಂಥ ಮನೆಗಳ ಹಿತ್ತಲಲ್ಲೇ. ಒಣಗಲು ಹಾಕಿದ ಹೆಂಗಸರ ಬಟ್ಟೆ ಕದಿಯುವವನೊಬ್ಬನ ಹಾಡು ಅದು. ಅದೇ ವರ್ಷ 'ಸೀ ಎಮಿಲಿ ಪ್ಲೇ' ಬ್ರಿಟನ್ನಿನ ಪಟ್ಟಿಯಲ್ಲಿ 6ನೇ ಸ್ಥಾನಕ್ಕೆ ಏರಿತು. ಆಗಸ್ಟ್‌ನಲ್ಲಿ ಮೊದಲ ಆಲ್ಬಮ್ ಬಂತು. ಹೆಚ್ಚಿನ ಹಾಡು ಸಿಡ್‌ನವೇ. ಬೆಕ್ಕು, ಸೈಕಲ್, ಕುಳ್ಳ ಮಾಂತ್ರಿಕ ಜೀವಿಗಳು, ನಕ್ಷತ್ರಗಳು, ಒಬ್ಬ ಮಗು ಮತ್ತು ಒಬ್ಬ ಚಿತ್ರಕಾರ ಸೇರಿ ಬರೆದಹಾಗೆ. ಆಗ ಅವನಿಗೆ 21.

ಆಮೇಲಿನದು ಬೇಗ ಮುಗಿಯುತ್ತದೆ. ಎಲ್‌ಎಸ್‌ಡಿ ಅತಿಯಾಯಿತು, ಮನಸ್ಸಿನ ಸ್ಥಿತಿ ಕೆಟ್ಟಿತು. ವೇದಿಕೆಯ ಮೇಲೆ ಗಿಟಾರ್ ಹಿಡಿದು ಸುಮ್ಮನೆ ನಿಲ್ಲತೊಡಗಿದ. 1968ರ ಏಪ್ರಿಲ್‌ನಲ್ಲಿ ಅವನು ಬ್ಯಾಂಡಿನಲ್ಲಿ ಇಲ್ಲ ಅಂತ ಪ್ರಕಟವಾಯಿತು. 1970ರಲ್ಲಿ ಎರಡು ಸೋಲೋ ಆಲ್ಬಮ್, ಅದಕ್ಕೂ ಹಳೆಯ ಗೆಳೆಯರೇ ನೆರವಾದರು. ಅಲ್ಲಿಗೆ ಮುಗಿಯಿತು.

ಊರ ನಡುವಿನ ಕಾರ್ನ್ ಎಕ್ಸ್‌ಚೇಂಜ್ ನನ್ನ ಮೂರನೇ ಗುರುತು. ಒಂದು ಕಾಲದಲ್ಲಿ ಧಾನ್ಯ ವ್ಯಾಪಾರಕ್ಕೆ ಕಟ್ಟಿದ ಕಟ್ಟಡ, ಈಗ ಕಛೇರಿ-ಕಾರ್ಯಕ್ರಮಗಳ ಸಭಾಂಗಣ. 1972ರಲ್ಲಿ 'ಸ್ಟಾರ್ಸ್' ಅನ್ನೋ ಪುಟ್ಟ ಬ್ಯಾಂಡ್ ಕಟ್ಟಿಕೊಂಡು ಸಿಡ್ ಇಲ್ಲಿ ನುಡಿಸಿದ. ಕಾರ್ಯಕ್ರಮ ಚೆನ್ನಾಗಿ ಆಗಲಿಲ್ಲ, ಸ್ವಲ್ಪದರಲ್ಲೇ ಆ ಬ್ಯಾಂಡೂ ಮುಗಿಯಿತು. ಇದೇ ಕಟ್ಟಡದಲ್ಲಿ 2016ರಲ್ಲಿ ಅವನ ನೆನಪಿಗೆ ಒಂದು ಕಲಾಕೃತಿ ಇಟ್ಟರು. ಸೋತ ಜಾಗದಲ್ಲೇ ಗೌರವ.

ಮಧ್ಯಾಹ್ನ ನ್ಯೂನಮ್ ದಾಟಿ ಗ್ರಾಂಚೆಸ್ಟರ್ ಹುಲ್ಲುಗಾವಲಿಗೆ ನಡೆದೆ. ಪಕ್ಕದಲ್ಲಿ ಕ್ಯಾಮ್ ನದಿ, ನೀರಿಗೆ ಬಾಗಿದ ಮರಗಳು, ಮೇಯುವ ಹಸುಗಳು. ಇಲ್ಲಿ ಕೂತು ಮೊದಲ ಆಲ್ಬಮ್ ಮತ್ತೆ ಕೇಳಿದೆ. ಅದರ ಹೆಸರು ನದಿ ದಂಡೆಯ ಪ್ರಾಣಿಗಳ ಕಥೆಯಾದ 'ದಿ ವಿಂಡ್ ಇನ್ ದಿ ವಿಲೋಸ್' ಪುಸ್ತಕದ ಒಂದು ಅಧ್ಯಾಯದ್ದು. ಲಂಡನ್ನಿನ ಕ್ಲಬ್ಬುಗಳ ಬಣ್ಣದ ದೀಪದ ಸಂಗೀತ ಅಂತ ಇಷ್ಟು ದಿನ ಅಂದುಕೊಂಡಿದ್ದೆ. ನದಿ ಪಕ್ಕ ಬೆಳೆದ ಹುಡುಗನ ಹಾಡುಗಳು ಇವು ಅಂತ ಅವತ್ತು ಗೊತ್ತಾಯಿತು.

ಉಳಿದಿದ್ದು ಐದನೇ ಗುರುತು, ಅವನ ಕೊನೆಯ ಮನೆ. ಬೆಳಿಗ್ಗೆ ಸೇತುವೆಯ ಆಚೆ, ಚೆರಿ ಹಿಂಟನ್ ರಸ್ತೆಯ ತಿರುವಿನಲ್ಲೇ ಫೋನು ಎಡಕ್ಕೆ ಹೋಗು ಅಂದಿತ್ತು. ಕೊನೆಗೆ ಇಟ್ಟುಕೊಳ್ಳೋಣ ಅಂತ ಬಿಟ್ಟಿದ್ದೆ.

ನಿಜ ಹೇಳಬೇಕಂದ್ರೆ, ನಾನು ಇಷ್ಟು ದೂರ ಬಂದಿದ್ದೇ ಆ ಮನೆಗಾಗಿ. 22ಕ್ಕೇ ಎಲ್ಲ ಬಿಟ್ಟು ನಡೆದುಬಿಟ್ಟವನು ಅನ್ನೋ ಕಥೆ ನನಗೆ ಇಷ್ಟ. ಆಫೀಸಿನಲ್ಲಿ ಬೇಸತ್ತ ರಾತ್ರಿ ನಮಗೆಲ್ಲ ಹಾಗೆ ಅನಿಸೋದು ಉಂಟಲ್ವಾ? ಆದರೆ ಹುಲ್ಲಿನ ಮೇಲೆ ಕೂತು ಯೋಚಿಸಿದಾಗ ಆ ಕಥೆ ಸುಳ್ಳು ಅನಿಸಿತು. ಅವನು ರಾಜೀನಾಮೆ ಕೊಟ್ಟು ಹೋದವನಲ್ಲ, ಕಾಯಿಲೆ ಬಿದ್ದವನು. 1975ರ ಜೂನ್‌ನಲ್ಲಿ ಅವನನ್ನೇ ನೆನೆದು ಬರೆದ 'ಶೈನ್ ಆನ್ ಯೂ ಕ್ರೇಜಿ ಡೈಮಂಡ್' ಹಾಡಿನ ಕೆಲಸ ನಡೀತಿದ್ದಾಗ ಅವನು ಸ್ಟುಡಿಯೊಗೆ ಬಂದ. ದಪ್ಪಗಾಗಿದ್ದ, ತಲೆ, ಹುಬ್ಬು ಎರಡೂ ಬೋಳಿಸಿಕೊಂಡಿದ್ದ. ಗೆಳೆಯರಿಗೆ ಮೊದಲು ಗುರುತೇ ಸಿಗಲಿಲ್ಲ.

1980ರ ದಶಕದ ಆರಂಭದಲ್ಲಿ ಅವನು ಲಂಡನ್ನಿನಿಂದ ಸುಮಾರು 80 ಕಿಲೋಮೀಟರ್ ನಡೆದು ಈ ಊರಿಗೆ ವಾಪಸ್ ಬಂದ. ಮತ್ತೆ ರಾಜರ್ ಆದ. ಸೈಕಲ್ ತುಳಿದು ಅಂಗಡಿಗೆ ಹೋದ, ತೋಟ ಮಾಡಿದ, ಚಿತ್ರ ಬರೆದು ಅದರ ಫೋಟೊ ತೆಗೆದು ಚಿತ್ರ ಸುಟ್ಟುಹಾಕಿದ. ತಂಗಿ ರೋಸ್‌ಮೇರಿ ನೋಡಿಕೊಂಡರು. ಆದರೂ ಅಭಿಮಾನಿಗಳು, ಪತ್ರಕರ್ತರು ಬಾಗಿಲು ತಟ್ಟುತ್ತಲೇ ಇದ್ದರು. ಅವರಿಗೆ ಸಿಡ್ ಬೇಕಿತ್ತು, ಮನೆಯಲ್ಲಿ ಇದ್ದವನು ರಾಜರ್. 2006ರ ಜುಲೈ 7ರಂದು, 60ನೇ ವಯಸ್ಸಿಗೆ ತೀರಿಕೊಂಡ. ಆ ನವೆಂಬರ್‌ನಲ್ಲಿ ಅವನ ಸೈಕಲ್‌ಗಳೂ ಮನೆಯ ಸಾಮಾನೂ ಇದೇ ಊರಲ್ಲಿ ಹರಾಜಾದವು.

ಈಗ ಹೋಗಿ ಆ ಬೀದಿಯಲ್ಲಿ ನಿಂತರೆ ಅವನಿಗೇನೂ ತೊಂದರೆಯಿಲ್ಲ. ಆದರೆ ಅವನು ಬದುಕಿದ್ದಾಗ ಬಾಗಿಲು ತಟ್ಟಿದವರ ಸಾಲಿನಲ್ಲಿ, ತಡವಾಗಿಯಾದರೂ, ನಾನೂ ಒಬ್ಬಳಾಗುತ್ತಿದ್ದೆ. ಈಗ ಅಲ್ಲಿರುವುದು ಇನ್ಯಾರದೋ ಸಂಸಾರ. ಮ್ಯಾಪ್‌ನಿಂದ ಆ ಗುರುತು ಅಳಿಸಿ, ಸಂಜೆಯ ರೈಲು ಹಿಡಿದೆ.

ನೀವು ಹೋಗೋದಾದರೆ ಬೆಳಿಗ್ಗೆ ಬೇಗ ಹೊರಡಿ, ಹುಲ್ಲುಗಾವಲಿಗೆ ಅರ್ಧ ದಿನ ಇಟ್ಟುಕೊಳ್ಳಿ. ಮಳೆ ಬಂದಿದ್ದರೆ ಶೂ ಕೆಸರಾಗುತ್ತೆ, ಹಳೇದು ಹಾಕಿಕೊಳ್ಳಿ. ಇಯರ್‌ಫೋನ್ ಮರೀಬೇಡಿ.